ಓದುಗರ ಪ್ರಶ್ನೆ: ನವಲೂರ ಪೇರಲ, ಧಾರವಾಡದ ಆಪೂಸು, ನಮ್ಮ ಕಡಿ ಹಣ್ಣಿನ ಮಾತು

ಹೋದ ಸಂಚಿಕಿಯೊಳಗ ಹಣ್ಣಿನ ತೋಟದ ಬಗ್ಗೆ ಏನಾರ ಕೇಳೂದಿದ್ರ ಕೇಳ್ರಿ ಅಂತ ಒಂದು ಸಾಲು ಹಾಕಿದ್ವಿ. ಇಷ್ಟು ಪತ್ರ, ಇಷ್ಟು ವಾಟ್ಸಾಪ್ ಮೆಸೇಜು ಬರ್ತಾವಂತ ಅಂದ್ಕೊಂಡಿರ್ಲಿಲ್ಲ. ಧಾರವಾಡ, ಹುಬ್ಬಳ್ಳಿ, ಹಾನಗಲ್ಲ, ಗದಗ, ಎಲ್ಲಾ ಕಡಿಯಿಂದ ಬಂದಾವ. ಕೆಲವರು ಬೆಳಿ ಬಗ್ಗೆ ಕೇಳ್ಯಾರ, ಕೆಲವರು ಊರಿನ ಹೆಸರಿನ ಬಗ್ಗೆ ಕೇಳ್ಯಾರ, ನನಗರ ಈ ಎರಡೂ ಬ್ಯಾರೆ ಬ್ಯಾರೆ ಅಂತ ಅನಸೂದಿಲ್ಲ. ಹೆಸರು ಹಾಕಬ್ಯಾಡ್ರಿ ಅಂತ ಬಾಳ ಮಂದಿ ಬರೆದಾರ, ಅದಕ್ಕ ಊರಷ್ಟ ಹಾಕೀನಿ.

*

ಪ್ರಶ್ನೆ: ಅಕ್ಕಾರ, ನಾನು ವಿದ್ಯಾಗಿರಿ ಹಾಸ್ಟೆಲ್‌ನಾಗ ಇದ್ದು ಓದಾಕತ್ತೀನಿ, ನಮ್ಮೂರು ರಾಯಚೂರು ಕಡಿ. ಚಿಗರಿ ಬಸ್ಸಿನಾಗ ಹುಬ್ಬಳ್ಳಿಗೆ ಹೋಗುವಾಗ ನವಲೂರು ಬಂತಂದ್ರ ಬಾಜೂಕ ಕುಂತವರು ಯಾರಾರ ಒಬ್ಬರು ಪೇರಲ ಹಣ್ಣಿನ ಮಾತು ತೆಗಿತಾರ. ನನಗ ಕಾಣೂದು ಬರೇ ಪ್ಲಾಟಿನ ಬೋರ್ಡು. ಖರೇನ ಅಲ್ಲಿ ಅಷ್ಟು ತೋಟ ಇದ್ವಾ? ಆ ಊರಿಗೇ ಯಾಕ ಆ ಹೆಸರು ಬಂತು? (ಧಾರವಾಡ)

ಉತ್ತರ: ಇದ್ವು ತಮ್ಮಾ, ಈಗೂ ಒಂದಿಷ್ಟು ಅದಾವ, ಬಸ್ಸಿನ ಕಿಟಕಿಯಿಂದ ಕಾಣೂದಿಲ್ಲ ಅಷ್ಟ. ಹಳೇ ಊರಿನ ಒಳಗ ಇಳದು ಹಿಂದಿನ ಹೊಲದ ಕಡಿ ನಡಕೊಂಡು ಹೋದ್ರ ಕಾಣ್ತಾವ.

ಯಾಕ ಅದ ಊರಿಗೆ ಅಂತ ಕೇಳಿದ್ದು ಚಲೋ ಆತು. ಬಾಳ ಮಂದಿ "ಅಲ್ಲಿ ಮಣ್ಣು ಹಂಗ ಐತಿ" ಅಂತ ಹೇಳಿ ಮುಗಸ್ತಾರ. ಮಣ್ಣು ಚಲೋ ಐತಿ, ಖರೆ, ಆದ್ರ ಅಂಥಾ ಮಣ್ಣು ಧಾರವಾಡ ಸುತ್ತಮುತ್ತ ಬ್ಯಾರೆ ಊರಾಗೂ ಐತಿ. ನವಲೂರಿಗೆ ಇದ್ದದ್ದು ಜಾಗಾ. ಪೇರಲ ಅನ್ನೂದು ಬಾಳ ಸೂಕ್ಷ್ಮದ ಹಣ್ಣು, ಗಿಡದ ಮ್ಯಾಲ ಹಸರು ಹೋಗಿ ತುಸು ಹಳದಿ ತಿರುಗಿತಂದ್ರ ಎರಡು ಮೂರು ದಿನದಾಗ ಮೆತ್ತಗ ಆಗ್ತೈತಿ. ಮಾವಿನಂಗ ಪೆಟ್ಟಿಗಿಯೊಳಗ ಹಾಕಿ ಲಾರಿ ಹತ್ತಿಸಿ ವಾರಗಟ್ಟಲೆ ಕಳಸಾಕ ಬರೂದಿಲ್ಲ. ಮುಂಜಾನೆ ಕಿತ್ತದ್ದು ಸಂಜಿಯೊಳಗ ತಿನ್ನವರ ಕೈಯಾಗ ಇರಬೇಕು. ನವಲೂರಿಗೆ ಒಂದು ಕಡಿ ಧಾರವಾಡ, ಇನ್ನೊಂದು ಕಡಿ ಹುಬ್ಬಳ್ಳಿ. ಧಾರವಾಡದಾಗ 1917ಕ್ಕ ಕರ್ನಾಟಕ ಕಾಲೇಜು ಬಂತು, 1950ಕ್ಕ ವಿಶ್ವವಿದ್ಯಾಲಯ ಮುಂಬೈಯಿಂದ ಇಲ್ಲಿಗೆ ಬಂತು, ಕಚೇರಿ, ಕೋರ್ಟು, ಸಾಲಿ, ತಿಂಗಳ ಪಗಾರದ ಮಂದಿ. ಹುಬ್ಬಳ್ಳಿಯೊಳಗ ರೈಲ್ವೆ ವರ್ಕ್‌ಶಾಪು, ಅರಳಿ ವ್ಯಾಪಾರ, ಮಿಲ್ಲು. ಎರಡೂ ಪ್ಯಾಟಿಗೆ ದಿನಾ ಹಣ್ಣು ಬೇಕು, ಎರಡಕ್ಕೂ ಒಂದ ದಿನದಾಗ ಮುಟ್ಟೂ ಊರು ಇದು. 1880ರ ದಶಕದಾಗ ರೈಲು ಬಂತು, ರಸ್ತೆ ಮೊದ್ಲ ಇತ್ತು.

ಇನ್ನ ಹೆಸರು ತಂದವರು ಯಾರು ಅಂದ್ರ ಬುಟ್ಟಿ ಹೊತ್ತ ಹೆಣ್ಣಮಕ್ಕಳು. ಇದನ್ನ ನಾನು ಒತ್ತಿ ಹೇಳ್ತೀನಿ, ಯಾಕಂದ್ರ ತೋಟದ ಮಾತು ಬಂದಾಗೆಲ್ಲ ತೋಟದ ಮಾಲೀಕರ ಹೆಸರ ಬರ್ತೈತಿ, ಇವರ ಹೆಸರು ಬರೂದಿಲ್ಲ. ನಸುಕಿನ್ಯಾಗ ಎದ್ದು ಕಾಯಿ ಕೀಳೂದು, ಬುಟ್ಟಿ ತಳಕ್ಕ ಪೇರಲ ತಪ್ಪಲ ಹಾಸೂದು, ಗಟ್ಟಿ ಇದ್ದ ದೋರಗಾಯಿ ಕೆಳಗ, ತಿನ್ನಾಕ ಬಂದದ್ದು ಮ್ಯಾಲ, ತೊಟ್ಟಿಗೆ ಒಂದೊಂದು ಎಲಿ ಇದ್ದಂಗ ಬಿಡೂದು, ಯಾಕಂದ್ರ ಎಲಿ ಬಾಡಿದ್ರ ಹಣ್ಣು ನಿನ್ನೇದು ಅಂತ ಗಿರಾಕಿಗೆ ತಿಳಿತೈತಿ, ಎಲಿ ಹಸರ ಇದ್ರ ಇವತ್ತಿಂದು. ಆಮ್ಯಾಲ ಸಿಂಬಿ ಇಟ್ಟು ಬುಟ್ಟಿ ಹೊತ್ತು ಮೊದಲನೇ ಬಸ್ಸಿಗೆ. ಧಾರವಾಡದ ಕಡಿ ಹೋದವರು ಕಾಲೇಜು, ಸಾಲಿ ಮುಂದ ಕುಂಡ್ರತಿದ್ರು, ಹುಬ್ಬಳ್ಳಿ ಕಡಿ ಹೋದವರು ಬಜಾರದಾಗ. ಹಣ್ಣು ನಾಕು ಹೋಳು ಮಾಡಿ ಉಪ್ಪು ಖಾರ ಹಚ್ಚಿ ಕೊಡ್ತಿದ್ರು. "ನವಲೂರ ಪ್ಯಾರಲಾ" ಅಂತ ಒದರಿಕೋತ ಓಣಿ ಓಣಿ ತಿರುಗಿ ಊರಿನ ಹೆಸರನ್ನ ಮಂದಿ ಬಾಯಾಗ ಕುಂಡ್ರಿಸಿದವರು ಅವರು. ಯಾವ ಜಾಹೀರಾತೂ ಇರ್ಲಿಲ್ಲ ಆವಾಗ.

ಆ ರೊಕ್ಕದಾಗ ಏನಾತು ಅಂತ ನವಲೂರಿನ ಹಿರೇರನ್ನ ಕೇಳಿ ನೋಡು. ಜ್ವಾಳ, ಶೇಂಗಾ ಬೆಳದ್ರ ರೊಕ್ಕ ವರ್ಷಕ್ಕ ಒಮ್ಮೆ. ಪೇರಲ ಗಿಡ ಹಚ್ಚಿ ಮೂರನೇ ವರ್ಷಕ್ಕ ಫಲ, ಆಮ್ಯಾಲ ವರ್ಷದಾಗ ಎಷ್ಟೋ ತಿಂಗಳು ದಿನಾ ಚಿಲ್ಲರ ರೊಕ್ಕ ಮನಿಗೆ ಬರ್ತಿತ್ತು, ಅದೂ ಹೆಣ್ಣಮಕ್ಕಳ ಕೈಗೆ. ಅದರಾಗ ಮಕ್ಕಳ ಫೀ, ಮನಿಯ ಸಂತಿ ಎಲ್ಲಾ ನಡೀತಿತ್ತು. ಸಣ್ಣ ಹಿಡುವಳಿ ಇದ್ದವರೂ ಊರು ಬಿಡದ ಬದುಕಿದ್ರು.

1962ರಾಗ ಹುಬ್ಬಳ್ಳಿ ಧಾರವಾಡ ಸೇರಿ ಒಂದು ಮಹಾನಗರ ಪಾಲಿಕೆ ಆತು. ಎರಡು ಊರು ಕೂಡಿದ್ವು ಅಂದ್ರ ನಡುವಿನ ಜಾಗಾದ ಮ್ಯಾಲ ಎಲ್ಲಾರ ಕಣ್ಣು. ನವನಗರ ಬಂತು, ರಾಯಾಪುರ, ಸತ್ತೂರ ಕಡಿ ಕಟ್ಟಡ ಬಂದ್ವು, ಹೊಲಾನ ಮನಿ ಕಟ್ಟೂ ಜಾಗಾ ಅಂತ ಬದಲಿಸಿದ ಎನ್‌ಎ ಪ್ಲಾಟು ಬಂದ್ವು, ರಸ್ತೆ ಅಗಲ ಆತು, ಈಗ ನೀನು ಹೋಗೂ ಚಿಗರಿ ಬಸ್ಸಿನ ಬ್ಯಾರೆ ದಾರಿ, ಬಿಆರ್‌ಟಿಎಸ್, ಬಂತು. ತೋಟಕ್ಕ ಬೆಲಿ ತಂದ ರಸ್ತೇನ ಭೂಮಿ ಬೆಲೀನ ಹಣ್ಣಿನ ಬೆಲಿಗಿಂತ ಎಷ್ಟೋ ಪಟ್ಟು ಮ್ಯಾಲ ಏರಿಸ್ತು. ಅದರ ಜೋಡಿ ಸೊರಗು ರೋಗ, ಅದು ಬಂದ ಗಿಡ ಎಲಿ ಹಳದಿ ಆಗಿ ಒಣಗಿ ನಿಲ್ತೈತಿ, ಒಂದ್ಸಲ ಹೊಲದಾಗ ಹೊಕ್ಕಿತಂದ್ರ ಅದ ಜಾಗಾದಾಗ ಮತ್ತ ಪೇರಲ ಹಚ್ಚೂದು ಕಷ್ಟ. ಒಣಗಿದ ಗಿಡದ ಜಾಗಾದಾಗ ಹೊಸಾದು ಹಚ್ಚೂಕಿಂತ ಮಾರೂದ ಚಲೋ ಅಂತ ಎಷ್ಟೋ ಮಂದಿಗೆ ಅನಿಸ್ತು. ಅವರನ್ನ ಬೈಯೂದಿಲ್ಲ ನಾನು.

ಚಳಿಗಾಲದಾಗ ಒಮ್ಮೆ ನವಲೂರಿನ್ಯಾಗ ಇಳದು ರಸ್ತೆ ಬಾಜೂಕ ಕುಂತ ಯಾರರ ಅವ್ವನ ಹತ್ರ ಹಣ್ಣು ತಗೋ. ಯಾವ ಹೊಲದ್ದು ಅಂತ ಕೇಳು, ಹೇಳ್ತಾರ.

*

ಪ್ರಶ್ನೆ: ಮಳಿಗಾಲದಾಗ ತಂದ ಪೇರಲ ಸಪ್ಪಗ ಇರ್ತೈತಿ, ಕೊಯ್ದ್ರ ಒಳಗ ಹುಳ. ಅದ ಚಳಿಗಾಲದಾಗ ಸಕ್ಕರಿ. ಗಿಡ ಬ್ಯಾರೆ ಏನು? (ಹುಬ್ಬಳ್ಳಿ, ವಿದ್ಯಾನಗರ)

ಉತ್ತರ: ಗಿಡ ಅದ. ಫೆಬ್ರವರಿ ಮಾರ್ಚಿನಾಗ ಬಂದ ಹೂವು ಮಳಿಗಾಲಕ್ಕ ಹಣ್ಣಾಗ್ತೈತಿ, ಜೂನ್ ಜುಲೈದಾಗ ಬಂದ ಹೂವು ಚಳಿಗಾಲಕ್ಕ ಹಣ್ಣಾಗ್ತೈತಿ. ಮಳಿಗಾಲದ್ದಕ್ಕ ನೀರು ಹೆಚ್ಚು, ಬಿಸಿಲು ಕಮ್ಮಿ, ಅದಕ್ಕ ಸಪ್ಪಗ. ಹುಳ ಅಂದ್ರ ಹಣ್ಣಿನ ನೊಣದ ಮರಿ, ಅದಕ್ಕ ಮಳಿಗಾಲ ಬಾಳ ಸೇರ್ತೈತಿ. ತಿಳಿದ ತೋಟದವರು ಬ್ಯಾಸಗಿಯೊಳಗ ಗಿಡಕ್ಕ ನೀರು ಬಂದ್ ಮಾಡಿ ಆ ಹೂವು ಉದುರಿಸಿ, ಮೇ ತಿಂಗಳ ಸುಮಾರಿಗೆ ತುದಿ ಕತ್ತರಿಸಿ, ಚಳಿಗಾಲದ ಬೆಳಿ ಒಂದ ತಗೋತಾರ. ಪೇರಲ ಹೊಸ ಚಿಗುರಿನ್ಯಾಗ ಹೂವು ಬಿಡೂ ಗಿಡ, ಹಂಗಾಗಿ ತುದಿ ಕತ್ತರಿಸಿದ್ರ ಚಲೋ. ನೊಣಕ್ಕ ಮಿಥೈಲ್ ಯೂಜಿನಾಲ್ ಅಂತ ನೊಣ ಸೆಳಿಯೂ ಔಷಧ ಹಾಕಿದ ಬಲಿ ಡಬ್ಬಿ ಸಿಗ್ತಾವ, ಒಬ್ಬರ ಕಟ್ಟಿದ್ರ ಉಪಯೋಗ ಕಮ್ಮಿ, ಸುತ್ತಲಿನ ತೋಟದವರೆಲ್ಲಾ ಕೂಡಿ ಕಟ್ಟಬೇಕು. ವಿಟಮಿನ್ ಸಿ ಅಂತೂ ಕಿತ್ತಳಿಗಿಂತ ಎಷ್ಟೋ ಪಟ್ಟು ಹೆಚ್ಚು ಐತಿ ಇದರಾಗ, ಚಳಿಗಾಲದಾಗ ಮಕ್ಕಳಿಗೆ ಧಾರಾಳ ಕೊಡ್ರಿ.

*

ಪ್ರಶ್ನೆ: ನಮ್ಮದು ಹಾನಗಲ್ಲ ತಾಲೂಕು, ನಾಕು ಎಕರೆ ಆಪೂಸು, ನಮ್ಮಪ್ಪನ ಕಾಲದ ಗಿಡ. ಒಂದು ವರ್ಷ ಬಂದ್ರ ಮುಂದಿನ ವರ್ಷ ಎಲಿ ಅಷ್ಟ. ಹೂವು ಇದ್ದಾಗ ಗುತ್ತಿಗಿ ಕೊಟ್ಟುಬಿಡ್ತೀವಿ, ಅವರು ಕೊಟ್ಟಷ್ಟು. ಸುತ್ತಮುತ್ತ ಎಲ್ಲಾರೂ ಮಾವು ಕಡದು ಅಡಕಿ ಹಚ್ಚಾಕತ್ತಾರ. ನಾವೂ ಕಡದುಬಿಡೂಣು ಅಂತ ಮಗ ಹಟಾ ಹಿಡದಾನ. ಏನ್ ಮಾಡ್ಲಿ? (ಹಾವೇರಿ ಜಿಲ್ಲೆ)

ಉತ್ತರ: ಅಣ್ಣಾರ, ನಿಮ್ಮ ಮಗ ಹೇಳೂದರಾಗೂ ಅರ್ಥ ಐತಿ, ಅವನ ಮುಂದಿನ ಬದುಕು ಅದು. ಆದ್ರ ಕೊಡಲಿ ತಗೊಳೂಕಿಂತ ಮೊದ್ಲ ಒಂದು ಲೆಕ್ಕ ಹಾಕ್ರಿ, ಸೋತದ್ದು ಮಾವೋ, ಗುತ್ತಿಗಿ ವ್ಯವಸ್ಥೇನೋ ಅಂತ.

ಮೊದ್ಲ ಗಿಡದ ಮಾತು. ಆಪೂಸಿಗೆ ಒಂದು ವರ್ಷ ಬಿಟ್ಟು ಒಂದು ವರ್ಷ ಬರೂದು ಹುಟ್ಟುಗುಣ. ಒಂದು ವರ್ಷ ಭರಪೂರ ಕಾಯಿ ಹೊತ್ತ ಗಿಡದಾಗ ಶಕ್ತಿ ಇಳದಿರ್ತೈತಿ, ಹಣ್ಣು ಕಿತ್ತ ಮ್ಯಾಲ ಹೊಸ ಚಿಗುರು ತಡ ಆಗಿ ಬರ್ತೈತಿ, ಆ ಚಿಗುರು ದಸರಾ ದೀಪಾವಳಿ ಹೊತ್ತಿಗೆ ಬಲಿತಿರೂದಿಲ್ಲ, ಬಲೀದ ಟೊಂಗಿಯೊಳಗ ಹೂವು ಹುಟ್ಟೂದಿಲ್ಲ. ಅದಕ್ಕ ಹಣ್ಣು ಇಳಿಸಿದ ಕೂಡ್ಲೆ, ಮುಂಗಾರು ಹಿಡಿದ ಸುಮಾರಿಗೆ, ಒಣ ಟೊಂಗಿ, ಒಳಗ ಒತ್ತಾಗಿ ಬೆಳದ ಟೊಂಗಿ ತಗದು ಗೊಬ್ಬರ ಕೊಡ್ರಿ. ಬಿಸಿಲು ಗಿಡದ ಹೊಟ್ಟಿಯೊಳಗ ಬೀಳಬೇಕು. ನಮ್ಮ ಕಡಿ ಹಳೇ ತೋಟದಾಗ ಬಾಳ ಮಂದಿ ಇದನ್ನ ಮಾಡಂಗಿಲ್ಲ, ಯಾಕಂದ್ರ ಗಿಡ ಗುತ್ತಿಗಿದಾರಂದು ಆಗಿರ್ತೈತಿ ನಾಕು ತಿಂಗಳು, ಉಳದ ಎಂಟು ತಿಂಗಳು ಯಾರದೂ ಅಲ್ಲ. ಗುತ್ತಿಗಿದಾರ ಔಷಧ ಹೊಡಿತಾನ, ಕಾಯಿ ಕೀಳ್ತಾನ, ಹೋಗ್ತಾನ. ಗೊಬ್ಬರ ಯಾಕ ಹಾಕ್ತಾನ ಅವ? ಮಾಲೀಕ ಅಂತೂ ಹೆಂಗೂ ಗುತ್ತಿಗಿ ಕೊಟ್ಟೀನಲ್ಲ ಅಂತ ಸುಮ್ನ ಇರ್ತಾನ. ವರ್ಷಾನುಗಟ್ಟಲೆ ಹಿಂಗ ನಡದ್ರ ಯಾವ ಗಿಡ ಬರ್ತೈತಿ ಹೇಳ್ರಿ.

ಪ್ಯಾಕ್ಲೋಬುಟ್ರಜಾಲ್ ಅಂತ ಔಷಧ ಬುಡಕ್ಕ ಹಾಕಿ ಪ್ರತಿ ವರ್ಷ ಹೂವು ತರಿಸೂದೂ ಐತಿ. ಗಟ್ಟಿ ಗಿಡಕ್ಕ, ಅಳತಿಯೊಳಗ, ತೋಟಗಾರಿಕಿ ಇಲಾಖೆಯವರನ್ನ ಕೇಳಿ ಹಾಕಿದ್ರ ಅಡ್ಡಿಯಿಲ್ಲ. ಸೊರಗಿದ ಗಿಡಕ್ಕ ಹಾಕಬ್ಯಾಡ್ರಿ, ಇನ್ನೂ ಸೊರಗ್ತೈತಿ. ಇದರಾಗೂ ಗುತ್ತಿಗಿದಾರರು ನಿಮ್ಮನ್ನ ಕೇಳದ ಹಾಕೂದು ಐತಿ, ಕರಾರಿನ್ಯಾಗ ಬರಿಸ್ಕೊಳ್ರಿ.

ಹೂವು ಬಂದಾಗ ಮಂಜು ಬಿತ್ತಂದ್ರ ಬೂದಿ ರೋಗ, ಜಿಗಿಹುಳ. ಮೊಗ್ಗು ಇದ್ದಾಗ ಗಂಧಕದ ಪುಡಿ ಸಿಂಪಡಿಸ್ರಿ, ಹೂವು ಪೂರ್ತಿ ಅರಳಿದಾಗ ಕೀಟನಾಶಕ ಹೊಡಿಬ್ಯಾಡ್ರಿ, ಜೇನು ನೊಣ ಸತ್ರ ಕಾಯಿ ಕಟ್ಟೂದಿಲ್ಲ. ಮಾವಿಗೆ ಹವಾಮಾನ ಆಧಾರಿತ ಬೆಳಿ ವಿಮೆ ಐತಿ, ರೈತರ ಪಾಲು ಶೇ 5, ನಿಮ್ಮ ಹೋಬಳಿಗೆ ಕಡೇ ತಾರೀಖು ಯಾವಾಗ ಅಂತ ರೈತ ಸಂಪರ್ಕ ಕೇಂದ್ರದಾಗ ಕೇಳಿ ಕಟ್ಟರಿ.

ಆಪೂಸಿನ ಇನ್ನೊಂದು ಕಾಟ ಒಳಗಿನ ಬಿಳಿ ಗಡ್ಡಿ, ಸ್ಪಂಜಿ ಟಿಶ್ಯೂ ಅಂತಾರ. ಹೊರಗಿಂದ ನೋಡಿದ್ರ ಬಂಗಾರದಂಥಾ ಹಣ್ಣು, ಚಾಕು ಇಟ್ರ ವಾಟಿ ಸುತ್ತ ಬೆಳ್ಳಗ, ಬೆಂಡು ಬೆಂಡಾಗಿ, ಹುಳಿ ವಾಸನಿ. ನೆಲದ ಕಾವು ಅದಕ್ಕ ಒಂದು ಕಾರಣ ಅಂತ ಗೊತ್ತಾಗೈತಿ, ಗಿಡದ ಕೆಳಗ ಒಣ ಎಲಿ ಹಾಸಿ ಮುಚ್ಚಿಗಿ ಮಾಡಿದ್ರ ಕಮ್ಮಿ ಆಗ್ತೈತಿ. ಗಿಡದಾಗ ಪೂರ್ತಿ ಹಣ್ಣಾಗೂ ತನಕ ಬಿಡಬ್ಯಾಡ್ರಿ, ಬಲಿತ ಕೂಡ್ಲೆ ತೊಟ್ಟು ಇಟ್ಟು ಕೀಳ್ರಿ, ಸೊನಿ ಸಿಪ್ಪಿ ಮ್ಯಾಲ ಹರದ್ರ ಕಪ್ಪು ಕಲಿ ಬೀಳ್ತೈತಿ.

ಈಗ ಅಡಕಿ. ನಿಮ್ಮ ಹಳೇ ತೋಟ 10 ಮೀಟರ್ ಅಂತರದ್ದು ಇರಬೇಕು, ಎಕರೆಗೆ 40 ಗಿಡ, ನಾಕು ಎಕರೆಗೆ 160. ಅದನ್ನ ಕಡದು ಅಡಕಿ ಹಚ್ಚಿದ್ರ ಐದಾರು ವರ್ಷ ಕೈಗೆ ಏನೂ ಬರೂದಿಲ್ಲ, ಆಮ್ಯಾಲ ಬ್ಯಾಸಗಿ ಪೂರ್ತಿ ನೀರು ಬೇಕು. ಧರ್ಮಾ ಕಾಲುವೆ ನೀರು ಬ್ಯಾಸಗಿ ತನಕ ನಿಮ್ಮ ಹೊಲಕ್ಕ ಬರ್ತೈತೇನು? ಬೋರಿನ ಮ್ಯಾಲ ನಂಬಿಕಿ ಇಟ್ಟು ಹಚ್ಚಾಕತ್ತವರು ಬಾಳ ಆಗ್ಯಾರ, ಎಲ್ಲಾರ ಬೋರೂ ಒಂದ ನೆಲದಾಗಿನ ನೀರ ಎಳಿತಾವ. ಮಾವು ಮಳಿ ನೀರಾಗ ಬದುಕಿದ ಗಿಡ. ಬರ ಬಿದ್ದ ವರ್ಷನೂ ನಿಂತಿರ್ತೈತಿ. ನಿಮ್ಮಪ್ಪ ಅದನ್ನ ಹಚ್ಚಿದ್ದು ಸುಮ್ನ ಅಲ್ಲ, ಆ ಮಣ್ಣು ಆ ಮಳಿ ನೋಡಿ ಹಚ್ಯಾರ.

ನನ್ನ ಅಭಿಪ್ರಾಯ ಇಷ್ಟು. ಒಂದು ಎಕರೆಯ ಗಿಡ ಗುತ್ತಿಗಿ ಕೊಡಬ್ಯಾಡ್ರಿ. ಮಗನ ಕೈಗೆ ಕೊಡ್ರಿ. ಅವನ ಗೊಬ್ಬರ ಹಾಕ್ಲಿ, ಅವನ ಕೀಳ್ಲಿ, ಅವನ ಹಣ್ಣು ಮಾಡಿ ಹುಬ್ಬಳ್ಳಿಯೊಳಗ ಡಜನ್ ಲೆಕ್ಕದಾಗ ಮಾರ್ಲಿ. ತೋಟಗಾರಿಕಿ ಇಲಾಖೆ ಧಾರವಾಡದಾಗ ಮಾವು ಮೇಳ ಮಾಡ್ತೈತಿ, ಅಲ್ಲಿ ಮಳಿಗಿ ಕೇಳ್ರಿ. ಉಳದ ಮೂರು ಎಕರೆ ಗುತ್ತಿಗಿಗೆ ಇರ್ಲಿ, ಮನಿ ಖರ್ಚಿಗೆ ಬೇಕಲ್ಲ. ಎರಡು ಹಂಗಾಮು ಆದ ಮ್ಯಾಲ ಎರಡರ ರೊಕ್ಕ ಬಾಜೂ ಬಾಜೂ ಇಟ್ಟು ನೋಡ್ರಿ. ಬಾಳ ಸೊರಗಿದ ಗಿಡ ಇದ್ರ ಮ್ಯಾಲಿಂದ ಕತ್ತರಿಸಿ ಮಲ್ಲಿಕಾ ತಳಿ ಕಸಿ ಕಟ್ಟಿಸ್ರಿ, ಇಲ್ಲಾ ಅರ್ಕಾ ಪುನೀತ್ ತಳಿ, ಅದು ಆಪೂಸಿನ ಮಗಾನ, ಬೆಂಡು ಬೀಳೂ ಕಾಟ ಇಲ್ಲ ಅದಕ್ಕ. ಎರಡು ಮೂರು ವರ್ಷ ಆ ಗಿಡದ ಫಲ ಹೋಗ್ತೈತಿ, ಆದ್ರ ಬೇರು ಹಳೇದ ಇರೂದ್ರಿಂದ ಲಗೂನ ಬರ್ತೈತಿ. ಇಷ್ಟೆಲ್ಲಾ ಮಾಡಿ ಸೋತ್ರ ಆವಾಗ ಅಡಕಿ ಮಾತು ತೆಗೀರಿ, ನಾನು ಬ್ಯಾಡ ಅನ್ನೂದಿಲ್ಲ.

*

ಪ್ರಶ್ನೆ: ಮಾರ್ಚ್ ತಿಂಗಳದಾಗ "ಧಾರವಾಡ ಆಪೂಸ್" ಅಂತ ಕೊಟ್ರು, ಮುಂದಿನ ಅಂಗಡಿಯೊಳಗ ಅದ ಥರದ್ದಕ್ಕ "ರತ್ನಾಗಿರಿ" ಅಂದ್ರು. ಯಾವುದು ಖರೆ? ಕಾಯಿ ಲಗೂ ಹಣ್ಣಾಗ್ಲಿ ಅಂತ ಕಾರ್ಬೈಡ್ ಹಾಕಿದ್ದು ಗುರುತ ಹಿಡಿಯೂದು ಹೆಂಗ? ವರ್ಷಕ್ಕ ಒಮ್ಮೆ ಸೀಕರಣಿ ಮಾಡೂದು, ಅದೂ ಕೆಟ್ರ ಬ್ಯಾಸರ ಆಗ್ತೈತಿ. (ಹುಬ್ಬಳ್ಳಿ, ದುರ್ಗದಬೈಲ್ ಹತ್ರ)

ಉತ್ತರ: ಮಾರ್ಚಿನಾಗ ನಮ್ಮ ಧಾರವಾಡದ ಗಿಡದಾಗ ಇನ್ನೂ ಎಳೀ ಕಾಯಿ ಇರ್ತಾವ ಅಕ್ಕಾ. ಕೊಂಕಣದ್ದು ಮೊದ್ಲ ಬರ್ತೈತಿ, ಕೆಲಗೇರಿ, ನಿಗದಿ ಆ ಕಡಿ ತೋಟದ್ದು ಬರೂದು ಏಪ್ರಿಲ್ ಕಡೀಕ, ಮೇ ತಿಂಗಳದಾಗ. ಆದ್ರಿಂದ ಮಾರ್ಚಿನಾಗ ಧಾರವಾಡ ಅಂದ್ರ ನಂಬಬ್ಯಾಡ್ರಿ. ಮೇ ತಿಂಗಳದಾಗ ಉಲ್ಟಾ ನಡಿತೈತಿ, ನಮ್ಮ ಹಣ್ಣು ಪುಣೆ, ಮುಂಬೈ ಮಾರ್ಕೆಟ್ಟಿಗೆ ಹೋಗಿ ಅಲ್ಲಿ ಕೊಂಕಣದ ಪೆಟ್ಟಿಗಿಯೊಳಗ ಕುಂಡ್ರತೈತಿ. 2018ರಾಗ ಆಪೂಸಿಗೆ ಜಿಐ, ಅಂದ್ರ ಊರಿನ ಹೆಸರಿಗೆ ಕಾಯಿದೆ ಕೊಡೂ ಗುರುತು, ಸಿಕ್ಕಿದ್ದು ರತ್ನಾಗಿರಿ, ಸಿಂಧುದುರ್ಗ, ರಾಯಗಡ, ಠಾಣೆ, ಪಾಲಘರ್ ಜಿಲ್ಲೆಗಳಿಗೆ. ಗೋವಾದಾಗ ಪೋರ್ಚುಗೀಸರ ಕಾಲದ ಕಸಿಯಿಂದ ಬಂದ ತಳಿ, ಘಟ್ಟದ ಆ ಕಡಿಗೂ ಹೋತು, ಈ ಕಡಿಗೂ ಬಂತು, ಮುಂಬೈ ಪ್ರಾಂತ್ಯದಾಗ ನಾವೂ ಇದ್ವಿ. ಆದ್ರ ಅವರು ಹೆಸರು ಗಟ್ಟಿ ಮಾಡ್ಕೊಂಡ್ರು. ನಮ್ಮ ಹಣ್ಣು ದೂರ ಹೋಗಾಕ ಬರ್ತಿತ್ತು, ಹೋಗಿ ಹೆಸರು ಕಳಕೊಂಡ್ತು. ನವಲೂರ ಪೇರಲ ದೂರ ಹೋಗಾಕ ಬರ್ಲಿಲ್ಲ, ಅದಕ್ಕ ಅದರ ಹೆಸರು ಇಲ್ಲೇ ಉಳೀತು. ನನಗ ಈ ವಿಚಾರ ಬಾಳ ದಿನದಿಂದ ಕೊರೀತೈತಿ.

ಕಾರ್ಬೈಡ್ ಕಾಯಿದೇನ ನಿಷೇಧ ಮಾಡೈತಿ. ಎಥಿಲೀನ್ ಅನಿಲದಾಗ, ಅಳತಿಯೊಳಗ ಹಣ್ಣು ಮಾಡಾಕ ಪರವಾನಗಿ ಐತಿ, ಅದು ಹಣ್ಣು ತಾನಾಗೇ ಬಿಡೂ ಅನಿಲಾನ, ಹೆದರಬ್ಯಾಡ್ರಿ. ಗುರುತ ಹಿಡಿಯಾಕ ಮೂಗು ಉಪಯೋಗಿಸ್ರಿ. ಬುಟ್ಟಿಯ ಎಲ್ಲಾ ಹಣ್ಣೂ ಒಂದ ಸಮ ಹಳದಿ, ಆದ್ರ ತೊಟ್ಟಿನ ಹತ್ರ ವಾಸನೀನ ಇಲ್ಲಂದ್ರ, ಮುಟ್ಟಿದ್ರ ಕಲ್ಲಿನಂಗ ಇದ್ರ ಬಿಟ್ಟು ಬರ್ರಿ. ಎಲ್ಲಾಕಿಂತ ಚಲೋ ಅಂದ್ರ ಬಲಿತ ಕಾಯೀನ ತಗೊಂಡು ಮನ್ಯಾಗ ಭತ್ತದ ಹುಲ್ಲಿನ್ಯಾಗ, ಹುಲ್ಲು ಸಿಗದಿದ್ರ ಪೇಪರಿನಾಗ ಸುತ್ತಿ ಇಡೂದು, ದಿನಾ ಒಮ್ಮೆ ತಿರುವಿ ಹಾಕಿ ಆದದ್ದನ್ನ ಆರಿಸಿ ತೆಗಿಯೂದು. ವಾರದಾಗ ಮನಿ ಪೂರ್ತಿ ಘಮ್ಮ ಅಂತೈತಿ. ಸೀಕರಣಿಗೆ ಒಂದೆರಡು ಹಣ್ಣು ಕೊಯ್ದು ಬೆಂಡು ಐತೇನು ನೋಡ್ಕೊಂಡ ಹಾಲು ಸುರವ್ರಿ, ಹಂಗ ಹಿಂಡಿದ್ರ ಒಂದು ಕೆಟ್ಟ ಹಣ್ಣು ಇಡೀ ಪಾತೇಲಿ ಕೆಡಸ್ತೈತಿ.

*

ಪ್ರಶ್ನೆ: ಧಾರವಾಡಕ್ಕ ಮಾವು, ನವಲೂರಿಗೆ ಪೇರಲ, ಸವಣೂರಿಗೆ ವೀಳ್ಯದೆಲಿ, ಬ್ಯಾಡಗಿಗೆ ಮೆಣಸಿನಕಾಯಿ. ನಮ್ಮ ಗದಗಕ್ಕ ಯಾಕ ಒಂದು ಹಣ್ಣಿನ ಹೆಸರಿಲ್ಲ? (ಗದಗ)

ಉತ್ತರ: ನಿಮ್ಮದು ಎರಿ ಭೂಮಿ, ಅಂದ್ರ ಕಪ್ಪು ಮಣ್ಣು. ಬ್ಯಾಸಗಿಯೊಳಗ ಕಾಲು ಸಿಗೂವಂಗ ಬಿರುಕು ಬಿಡ್ತೈತಿ, ಬೇರು ಹರೀತಾವ, ಮಳಿಗಾಲದಾಗ ನೀರು ನಿಂತು ಬೇರು ಕೊಳಿತಾವ. ಮಾವು ಪೇರಲಕ್ಕ ಮಸಾರಿ, ಅಂದ್ರ ಕೆಂಪು ಮಣ್ಣು ಬೇಕು, ನೀರು ಬಸಿದು ಹೋಗೂವಂಥಾದ್ದು. ಮಳೀನೂ ಧಾರವಾಡದ ಪಶ್ಚಿಮದ ಊರಿಗಿಂತ ಕಮ್ಮಿ. ಎರಿ ಭೂಮಿ ನಿಮಗ ಜ್ವಾಳ, ಅರಳಿ, ಕಡಲಿ ಕೊಟ್ಟೈತಿ, ಅರಳಿಯಿಂದ ಬೆಟಗೇರಿ ಮಗ್ಗ ಬಂದಾವ. ಅದೂ ಹೆಸರ.

ಹಣ್ಣು ಇಲ್ಲ ಅಂತ ಮಾತ್ರ ಹೇಳಬ್ಯಾಡ್ರಿ. ಕಪ್ಪತಗುಡ್ಡದ ಕಡಿ ಸೀತಾಫಲ ಯಾರು ಹಚ್ಯಾರ, ಯಾರು ನೀರು ಹಾಕ್ಯಾರ? ತಾನಾಗೇ ಬೆಳದದ್ದು. ಆ ಗುಡ್ಡ 2019ರಿಂದ ವನ್ಯಜೀವಿ ಧಾಮ, ಅಲ್ಲಿಂದ ಕೀಳೂದಕ್ಕ ಅರಣ್ಯ ಇಲಾಖೆ ನಿಯಮ ಐತಿ, ಆದ್ರ ಗುಡ್ಡದ ಬುಡದ ಮಸಾರಿ ಹೊಲದಾಗ ಸೀತಾಫಲ ಬರ್ತೈತಿ ಅಂತ ಆ ಗುಡ್ಡಾನ ತೋರಿಸಾಕತ್ತೈತಿ. ಬಾಳಾನಗರ ತಳಿ ಐತಿ, ಅರ್ಕಾ ಸಹನ ಐತಿ. ಬಾರಿ, ನೆಲ್ಲಿ, ಹುಣಸಿ ಇವೂ ಕಮ್ಮಿ ನೀರಿನವು. ಮತ್ತ ಇನ್ನೊಂದು ನೆನಪು ಮಾಡ್ತೀನಿ: 1905ರಾಗ ದೇಶದಾಗ ಮೊದಲ ಸಾಲಿನ ಸಹಕಾರಿ ಸಂಘ ಹುಟ್ಟಿದ್ದು ನಿಮ್ಮ ಕಣಗಿನಹಾಳದಾಗ, ಸಿದ್ದನಗೌಡ ಪಾಟೀಲರು ಕಟ್ಟಿದ್ದು. ಮಾವಿನವರಿಗೆ, ಪೇರಲದವರಿಗೆ ಇಲ್ಲದ್ದು ಅದ ನೋಡ್ರಿ. ಗಿಡ ಅದಾವ, ಮಣ್ಣೈತಿ, ಕೂಡಿ ಮಾರೂ ಚಟಾ ಇಲ್ಲ. ನಿಮ್ಮ ಮಂದಿಗೆ ಅದು ಬರ್ತೈತಿ.

*

ಪ್ರಶ್ನೆ: ಡಿಎಚ್ಎಸ್-1 ಅಂತ ಚಿಕ್ಕು ಸಸಿ ಕೊಡ್ತೀನಿ ಅಂತಾರ ನರ್ಸರಿಯವರು. ಹಂಗಂದ್ರೇನು? ಹಚ್ಚಬಹುದಾ? (ಕಲಘಟಗಿ)

ಉತ್ತರ: ಧಾರವಾಡದ್ದ ತಳಿ. ಕಾಲಿಪತ್ತಿ ಮತ್ತು ಕ್ರಿಕೆಟ್ ಬಾಲ್ ಅನ್ನೂ ಎರಡು ಚಿಕ್ಕು ತಳಿ ಕೂಡಿಸಿ ಮಾಡಿದ್ದು, ಡಿಎಚ್ಎಸ್-2 ಅದರ ಜೋಡಿ ತಳಿ. ಕೃಷಿ ಕಾಲೇಜು ಇಲ್ಲಿ ಬಂದದ್ದು 1947ರಾಗ, ಕೃಷಿ ವಿಶ್ವವಿದ್ಯಾಲಯ ಆದದ್ದು 1986ರಾಗ, ಹಣ್ಣು ಬೆಳಿಯೂ ಊರು ಆಗಿದ್ದಕ್ಕ ಈ ಕೆಲಸ ಇಲ್ಲೇ ನಡೀತು. ಕಲಘಟಗಿ ಮಣ್ಣಿಗೆ ಚಲೋ. ವಿಶ್ವವಿದ್ಯಾಲಯದ ನರ್ಸರಿ, ಇಲಾಖೆ ನರ್ಸರಿ ಇದ್ದಾಗ ರಸ್ತೆ ಬದಿಯದ್ದು ತಗೋಬ್ಯಾಡ್ರಿ, ಬ್ಯಾರೆ ತಳಿ ಕೊಟ್ರ ನಾಕು ವರ್ಷ ಆದ ಮ್ಯಾಲ ಗೊತ್ತಾಗ್ತೈತಿ.

*

ಪ್ರಶ್ನೆ: ನವಲೂರ ಪೇರಲಕ್ಕ ಜಿಐ ಟ್ಯಾಗ್ ತಗೊಂಡ್ರ ತೋಟ ಉಳಿತಾವಲ್ಲ? ಧಾರವಾಡ ಪೇಡೇಕ ಐತಿ, ನವಲಗುಂದ ಜಮಖಾನಕ್ಕ ಐತಿ. (ಧಾರವಾಡ, ಮಾಳಮಡ್ಡಿ)

ಉತ್ತರ: ತಗೋಬೇಕು, ನಾನೂ ಹೇಳ್ತೀನಿ. ಆದ್ರ ಟ್ಯಾಗ್ ಒಂದ ತೋಟ ಉಳಸ್ತೈತಿ ಅಂತ ನಂಬಿ ಕುಂಡ್ರಬಾರದು. ನಂಜನಗೂಡು ರಸಬಾಳಿಗೆ ಜಿಐ ಐತಿ, ಆದ್ರ ಪನಾಮಾ ಸೊರಗು ರೋಗ ಅದರ ತೋಟ ತಿಂದು ಹಾಕಿತು, ಹೆಸರಿನಷ್ಟು ಹಣ್ಣು ಈಗ ಇಲ್ಲ. ಬ್ಯಾಡಗಿ ಮೆಣಸಿನಕಾಯಿಗೆ ಜಿಐ ಬಂದದ್ದು 2011ರಾಗ, ಅದಕ್ಕಿಂತ ಎಷ್ಟೋ ಮೊದ್ಲ ಬ್ಯಾಡಗಿ ಮಾರ್ಕೆಟ್ಟು ದೊಡ್ಡದಾಗಿತ್ತು, ಬಣ್ಣ ತಗಿಯೂ ಫ್ಯಾಕ್ಟರಿಗಳು ಕಾಯಿ ಕೊಳ್ತಿದ್ವು, ಆಮ್ಯಾಲ ಟ್ಯಾಗು. ಅಲ್ಲಿ ಟ್ಯಾಗು ಉಪಯೋಗಕ್ಕ ಬಂತು, ಯಾಕಂದ್ರ ಕೆಳಗ ಬೆಳಿ, ವ್ಯಾಪಾರ ಎರಡೂ ಗಟ್ಟಿ ಇದ್ವು.

ಅರ್ಜಿ ಒಬ್ಬರು ಹಾಕೂದಲ್ಲ, ಬೆಳೆಗಾರರ ಸಂಘ ಬೇಕು. ಕಾಯಿದೆ 1999ರದ್ದು, ಜಾರಿ ಆದದ್ದು 2003ರಾಗ, ಕಚೇರಿ ಚೆನ್ನೈದಾಗ. ಎಲ್ಲೆಲ್ಲಿ ಬೆಳಿತಾರ ಅನ್ನೂ ನಕ್ಷೆ, ಹಳೇ ದಾಖಲಿ, ಬ್ಯಾರೆ ಕಡಿ ಪೇರಲಕ್ಕಿಂತ ಇದು ಹೆಂಗ ಬ್ಯಾರೆ ಅನ್ನೂದು, ಎಲ್ಲಾ ಕೊಡಬೇಕು. ಸಿಕ್ಕ ಮ್ಯಾಲ 10 ವರ್ಷಕ್ಕೊಮ್ಮೆ ನವೀಕರಣ. ಆ ಸಂಘದಾಗ ಬುಟ್ಟಿಯೊಳಗ ಮಾರೂ ಹೆಣ್ಣಮಕ್ಕಳನ್ನೂ ತಗೋಬೇಕು ಅನ್ನೂದು ನನ್ನ ಹಟ. ದಿನಾ ಗಿರಾಕಿ ಮುಖ ನೋಡೂವರು ಅವರು, ಯಾವ ಹಣ್ಣು ನವಲೂರಿಂದು ಯಾವುದು ಹೊರಗಿಂದ ಬಂದದ್ದು ಅಂತ ಮುಟ್ಟಿ ಹೇಳ್ತಾರ. ಪಾಲಿಕೆಯವರು ಅವರಿಗೆ ಬಿಆರ್‌ಟಿಎಸ್ ನಿಲ್ದಾಣದ ಬಾಜೂಕ, ಜುಬಿಲಿ ಸರ್ಕಲ್ ಹತ್ರ ನೆರಳಿದ್ದ ಜಾಗಾ ಕೊಟ್ರ ಟ್ಯಾಗಿಗಿಂತ ಲಗೂ ಉಪಯೋಗ ಆಗ್ತೈತಿ. ಎಲ್ಲೆರ ಕುಂತ್ರ ಎಬ್ಬಸ್ತಾರ ಅವರನ್ನ, ಬಿಸಿಲಾಗ ಬುಟ್ಟಿ ಹೊತ್ತು ಮತ್ತ ಮುಂದಿನ ಮೂಲಿಗೆ. ಇದನ್ನ ನೋಡಿ ಹೊಟ್ಟಿ ಉರಿತೈತಿ ನನಗ.

*

ಪ್ರಶ್ನೆ: ಅಕ್ಕಾರ, ನಾವು ನವಲೂರಿನವರ. ಒಂದೂವರೆ ಎಕರೆ ಪೇರಲ, ಅಪ್ಪ ಇದ್ದಾಗಿಂದ. ಅಪ್ಪ ಹೋದ ಮ್ಯಾಲ ಅಣ್ಣ ತಮ್ಮಂದಿರು ಲೇಔಟಿನವರಿಗೆ ಮಾರೂಣು ಅಂತಾರ. ನಾನೊಬ್ಬಾಕಿ ಬ್ಯಾಡ ಅಂತೀನಿ. ಹೆಣ್ಣಮಗಳು ಕೊಟ್ಟ ಮನಿಗೆ ಹೋದಾಕಿ ನಿನಗ್ಯಾಕ ಅಂತಾರ. ನಾನು ಹಟ ಮಾಡೂದು ತಪ್ಪಾ? (ನವಲೂರು)

ಉತ್ತರ: ತಪ್ಪಲ್ಲ ತಂಗೀ. ಅಪ್ಪನ ಆಸ್ತಿಯೊಳಗ ನಿನಗೂ ಪಾಲು ಐತಿ. ವಾಟಣಿ, ಅಂದ್ರ ಪಾಲು ಹಂಚಿಕಿ, ಆಗದ ಇದ್ರ, ನಿನ್ನ ಸಹಿ ಬಿಟ್ಟು ಅವರು ಪೂರ್ತಿ ಹೊಲ ಮಾರಾಕ ಬರೂದಿಲ್ಲ. ಉತಾರ (ಪಹಣಿ) ತಗಿಸಿ ನಿನ್ನ ಹೆಸರು ಐತೇನು ಮೊದ್ಲ ನೋಡ್ಕೋ, ಇಲ್ಲಂದ್ರ ವಾರಸಾ ಹಚ್ಚಿಸು, ಒಬ್ಬ ವಕೀಲರನ್ನ ಕಂಡು ಬಾ. ಜಗಳ ಮಾಡಾಕಲ್ಲ, ಮಾತಾಡೂವಾಗ ನಿನ್ನ ಮಾತಿಗೆ ತೂಕ ಇರ್ಲಿ ಅಂತ.

ಅಣ್ಣ ತಮ್ಮಂದಿರ ಮಾತೂ ಕೇಳು. ಪ್ಲಾಟಿನ ರೇಟು ಮುಂದ ಇಟ್ಟು ಪೇರಲದ ರೊಕ್ಕ ಇಟ್ರ ಯಾರಿಗೂ ಮನಸ್ಸು ಅಳ್ಳಾಡ್ತೈತಿ, ಅವರಿಗೂ ಮಕ್ಕಳು ಮರಿ ಅದಾವ. ನೀ "ಅಪ್ಪನ ನೆನಪು" ಅಂದ್ರ ಅವರು ಕೇಳೂದಿಲ್ಲ, ರೊಕ್ಕದ ಮಾತು ತಗೊಂಡು ಹೋಗು. ನಿಮ್ಮ ಹೊಲಕ್ಕ ಇದ್ದದ್ದು ಬ್ಯಾರೆ ಯಾವ ಪೇರಲ ಬೆಳಿಯೂ ಊರಿಗೂ ಇಲ್ಲ, ಮುಂದ ರಸ್ತೆ, ದಿನಾ ಸಾವಿರಾರು ಮಂದಿ ಅಡ್ಡಾಡೂ ರಸ್ತೆ. ದಲಾಲಿ ಇಲ್ದ, ಅಡತಿ ಇಲ್ದ, ಹೊಲದ ಬಾಗಲದಾಗ ಮಾರಬಹುದು. ಹಳೇ ಗಿಡ ಅರ್ಧ ಇಟ್ಟು, ಫಲ ಕಮ್ಮಿ ಆದ ಅರ್ಧ ತಗದು 3 ಮೀಟರ್‌ಗೆ 3 ಮೀಟರ್ ಲೆಕ್ಕದಾಗ ಹೊಸಾದು ಹಚ್ಚಿದ್ರ ಎಕರೆಗೆ 400ರ ಮ್ಯಾಲ ಗಿಡ ಹಿಡಿತಾವ, ಡ್ರಿಪ್ಪಿಗೆ ಸಬ್ಸಿಡಿ ಐತಿ, ಇಲಾಖೆಯೊಳಗ ಕೇಳು. ಸೊರಗು ಬಂದ ಜಾಗಾದಾಗ ಮಾತ್ರ ಮತ್ತ ಪೇರಲ ಹಚ್ಚಬ್ಯಾಡ್ರಿ, ಅಲ್ಲಿ ಚಿಕ್ಕು ಹಚ್ರಿ. ಹಾಕಿದ ರೊಕ್ಕ ಎಷ್ಟು, ಮೂರನೇ ವರ್ಷಕ್ಕ ಬರೂದೆಷ್ಟು ಅಂತ ಕಾಗದದ ಮ್ಯಾಲ ಬರದು ಅವರ ಮುಂದ ಇಡು. ಪೂರ್ತಿ ಮಾರೂದು ಬ್ಯಾಡ, ರಸ್ತೆ ಕಡಿ ಅರ್ಧ ಎಕರೆ ಮಾರಿ ಉಳದದ್ದಕ್ಕ ಬಂಡವಾಳ ಹಾಕೂಣು ಅಂದ್ರೂ ಅದು ಸೋಲಲ್ಲ.

ಅದೂ ಆಗ್ಲಿಲ್ಲ, ಮಾರೂದ ಆತು ಅಂದ್ರ ಒಂದು ಕೆಲಸ ಮಾಡು, ಜೆಸಿಬಿ ಬರೂಕಿಂತ ಮೊದ್ಲ. ನಿಮ್ಮ ತೋಟದಾಗ ಎಲ್ಲಾಕಿಂತ ರುಚಿ ಕಾಯಿ ಕೊಡೂ ಗಿಡ ಯಾವುದು ಅಂತ ನಿನಗ ಗೊತ್ತಿರ್ತೈತಿ. ಮಳಿಗಾಲ ಹಿಡಿದ ಮ್ಯಾಲ ಆ ಗಿಡದ ಪೆನ್ಸಿಲ್ ದಪ್ಪದ ಟೊಂಗಿಗೆ ಗೂಟಿ ಕಟ್ಟಿಸು, ಅಂದ್ರ ಒಂದು ಉಂಗುರದಷ್ಟು ಸಿಪ್ಪಿ ತಗದು, ಹಸಿ ಪಾಚಿ ಇಟ್ಟು, ಪ್ಲಾಸ್ಟಿಕ್ ಸುತ್ತಿ ಎರಡೂ ಕಡಿ ಬಿಗಿಯಾಗಿ ಕಟ್ಟೂದು. ಒಂದೂವರೆ ಎರಡು ತಿಂಗಳದಾಗ ಪ್ಲಾಸ್ಟಿಕ್ ಒಳಗ ಬಿಳಿ ಬೇರು ಕಾಣ್ತಾವ. ಕೆಳಗ ಕತ್ತರಿಸಿ ಚೀಲದಾಗ ಹಚ್ಚಿ ನೆರಳಿನ್ಯಾಗ ಇಟ್ಟು, ಗಟ್ಟಿ ಆದ ಮ್ಯಾಲ ಕೊಟ್ಟ ಮನಿಯ ಹೊಲಕ್ಕ ಒಯ್ದು ಹಚ್ಚು. ಬೀಜದಿಂದ ಬೆಳದ್ರ ಅದ ಹಣ್ಣು ಬರ್ತೈತಿ ಅಂತ ಹೇಳಾಕ ಬರೂದಿಲ್ಲ, ಗೂಟಿ ಕಟ್ಟಿದ್ರ ಅದ ಗಿಡ, ಅದ ಹಣ್ಣು. ಒಂದು ಗಿಡಕ್ಕ ಐದಾರು ಕಟ್ಟಿಸು, ಎಲ್ಲಾ ಹತ್ತೂದಿಲ್ಲ. ಕಟ್ಟೂದು ಗೊತ್ತಿಲ್ಲಂದ್ರ ಕೃಷಿ ವಿಶ್ವವಿದ್ಯಾಲಯದಾಗ ಕೇಳು, ತೋರಿಸಿಕೊಡ್ತಾರ.